ಕುಕ್ಕರಗಾಲಿನ ಪ್ಯಾಂಟು

ಸಿರುಗುಪ್ಪದಲ್ಲಿ ನನ್ನ ಅಕ್ಕನ ಮನೆಯ ಹಿತ್ತಲಿನ ತಂತಿಯ ಮೇಲೆ ಆ ಪ್ಯಾಂಟು ಒಣಗುತ್ತಿತ್ತು. ಊಟ ಮುಗಿಸಿ ಕೈ ತೊಳೆಯಲು ಹೋದವಳು, ಸೆರಗಿಗೆ ಕೈ ಒರೆಸಿಕೊಳ್ಳುತ್ತ ಅದರ ಮುಂದೆಯೇ ನಿಂತುಬಿಟ್ಟೆ. ಬೇರೆಯವರ ಅಡುಗೆಮನೆಯಲ್ಲಿ ನಮ್ಮ ಮನೆಯ ಪಾತ್ರೆ ಕಂಡರೆ ಹೇಗಾಗುತ್ತದೋ ಹಾಗಾಯಿತು. ನಮ್ಮದೇ ಇರಬೇಕು ಅನ್ನಿಸಿತು. ಆದರೆ ಸೊಂಟದ ಪಟ್ಟಿಗೆ ಹೊಲಿದಿದ್ದ ಚೀಟಿ ನಮ್ಮದಾಗಿರಲಿಲ್ಲ.

ನಾನು ಬಳ್ಳಾರಿಯ ಕೌಲ್ ಬಜಾರಿನಲ್ಲಿ ಜೀನ್ಸ್ ಹೊಲಿಯುವ ಒಂದು ಸಣ್ಣ ಕಾರ್ಖಾನೆಯಲ್ಲಿ ಪ್ಯಾಟರ್ನ್ ತೆಗೆಯುವವಳು. ಪ್ಯಾಂಟಿನ ಮುಂದಿನ ಕಾಲು, ಹಿಂದಿನ ಕಾಲು, ಜೇಬು, ಪಟ್ಟಿ, ಹೀಗೆ ಪ್ರತಿಯೊಂದು ತುಂಡಿನ ಆಕಾರವನ್ನೂ ಮೊದಲು ಯಾರಾದರೂ ಬರೆದುಕೊಡಬೇಕು. ಆ ಆಕಾರ ಸರಿಯಿದ್ದರೆ ಮುಂದಿನವರೆಲ್ಲ ಸುಖವಾಗಿ ಕೆಲಸ ಮಾಡುತ್ತಾರೆ. ಅದು ತಪ್ಪಿದರೆ ಬಟ್ಟೆಯ ಇಡೀ ತಾನು ಹಾಳು. ಕಾರ್ಖಾನೆಯಲ್ಲಿ ಎಲ್ಲರೂ ನನ್ನನ್ನು ಮಾಸ್ಟ್ರಮ್ಮ ಅನ್ನುತ್ತಾರೆ. ಮದುವೆಗೆ ಮುಂಚೆ ಯಾರಾದರೂ ಹಾಗೆ ಕರೆದಿದ್ದರೆ ಶಾಲೆಯಲ್ಲಿ ಪಾಠ ಹೇಳುವವಳು ಅಂದುಕೊಳ್ಳುತ್ತಿದ್ದೆನೇನೋ.

ತಂತಿಯ ಮೇಲಿದ್ದ ಪ್ಯಾಂಟಿನ ಕಥೆ ನನ್ನ ತವರೂರು ರಾರಾವಿಯಲ್ಲಿ ಶುರುವಾದದ್ದು. ಅಲ್ಲಿ ಗದ್ದೆಯ ಬದುವಿನ ಮೇಲೆ ಗಂಡಸರು ಕುಕ್ಕರಗಾಲಲ್ಲಿ ಕೂತು ಮಾತಾಡುತ್ತಾರೆ. ಬಸ್ಸಿಗೆ ಕಾಯುವಾಗಲೂ ಹಾಗೆಯೇ, ಚಹಾ ಕುಡಿಯುವಾಗಲೂ ಹಾಗೆಯೇ. ಪಂಚೆಯ ಕಾಲದಲ್ಲಿ ಅದೇನೂ ತೊಂದರೆಯಾಗಿರಲಿಲ್ಲ. ಈಗ ಎಲ್ಲರೂ ಜೀನ್ಸ್ ತೊಡುತ್ತಾರೆ, ಕೂತ ಕೂಡಲೇ ಪ್ಯಾಂಟಿನ ಆಸನದ ಹತ್ತಿರ ಬಟ್ಟೆ ಹಿಡಿದು ಬಿಗಿಯುತ್ತದೆ, ಕೆಲವೊಮ್ಮೆ ಹೊಲಿಗೆ ಹರಿಯುತ್ತದೆ. ಒಂದು ಸಲ ನಮ್ಮ ಚಿಕ್ಕಪ್ಪ ಹಾಗೆ ಹರಿದುಕೊಂಡು, ಟವೆಲ್ಲು ಸುತ್ತಿಕೊಂಡು ಮನೆಗೆ ಬಂದದ್ದನ್ನು ನೋಡಿ ನಾವೆಲ್ಲ ನಕ್ಕೆವು. ನಕ್ಕು ಮುಗಿದ ಮೇಲೂ ನನ್ನ ತಲೆಯಲ್ಲಿ ಅದು ಉಳಿಯಿತು. ಎರಡು ಕಾಲು ಕೂಡುವ ಕಡೆ ಒಂದು ಸಣ್ಣ ತುಂಡು ಬಟ್ಟೆ ಸೇರಿಸಿದರೆ ಹೇಗೆ? ಸೇರಿಸಿದ್ದು ಹೊರಗೆ ಕಾಣಬಾರದು, ಕಂಡರೆ ತ್ಯಾಪೆ ಹಾಕಿದ ಹಾಗಿರುತ್ತದೆ. ಎಷ್ಟೋ ಸಲ ಕತ್ತರಿಸಿ, ಹೊಲಿದು, ಬಿಚ್ಚಿ, ನನ್ನ ಗಂಡನಿಗೆ ತೊಡಿಸಿ ಕೂರಿಸಿ ಏಳಿಸಿ, ಕೊನೆಗೆ ಒಂದು ಆಕಾರ ಸಿಕ್ಕಿತು. ಕಾರ್ಖಾನೆಯಲ್ಲಿ ಅದಕ್ಕೆ ಕುಕ್ಕರಗಾಲಿನ ಪ್ಯಾಂಟು ಅಂತ ಹೆಸರಾಯಿತು. ಸಿರುಗುಪ್ಪದಿಂದ ಆದೋನಿಯವರೆಗೆ ಚೆನ್ನಾಗಿ ಓಡಿತು.

ಅದರಲ್ಲಿ ನನ್ನದೊಂದು ತಪ್ಪೂ ಇತ್ತು. ರಟ್ಟಿನ ಮೇಲೆ ಬರೆದ ಪ್ಯಾಟರ್ನನ್ನು ಕಂಪ್ಯೂಟರಿಗೆ ಏರಿಸುವಾಗ ರಟ್ಟು ಸ್ವಲ್ಪ ಓರೆಯಾಗಿ ಕೂತಿತ್ತು. ಎಡಗಾಲಿನ ಒಳ ಅಂಚು ಬಲಗಾಲಿಗಿಂತ ಒಂದೆಳೆ ಉದ್ದವಾಯಿತು. ಹೊಲಿಯುವ ಹೆಂಗಸರು ಮೊಣಕಾಲಿನ ಹತ್ತಿರ ಅದನ್ನು ಸಣ್ಣಗೆ ಸುಕ್ಕು ಹಿಡಿದು ಹೊಲಿಯುವುದು ರೂಢಿಯಾಗಿಹೋದದ್ದರಿಂದ ನಾನು ತಿದ್ದಲಿಲ್ಲ.

ಅಕ್ಕನ ಮನೆಯ ತಂತಿಯಿಂದ ಪ್ಯಾಂಟನ್ನು ಕೆಳಗಿಳಿಸಿ ಒಳಮೈ ಹೊರಗೆ ಮಾಡಿ ನೋಡಿದೆ. ಆಸನದ ತುಂಡು ಇತ್ತು. ಎಡಗಾಲಿನ ಒಳ ಅಂಚಿನಲ್ಲಿ, ಮೊಣಕಾಲಿನ ಹತ್ತಿರ, ಬಟ್ಟೆ ಸಣ್ಣಗೆ ಸುಕ್ಕುಗಟ್ಟಿತ್ತು.

“ಎಲ್ಲಿ ತಗಂಡ್ರಿ ಮಾವಾ ಇದನ್ನ?” ಅಂತ ಅಕ್ಕನ ಗಂಡನನ್ನು ಕೇಳಿದೆ.

“ಬಸ್ ಸ್ಟ್ಯಾಂಡ್ ಹತ್ರ ಗಾಡ್ಯಾಗ ಮಾರ್ತಾರಲ್ಲ, ಅಲ್ಲಿ. ಯಾಕ, ಚಲೋ ಇಲ್ಲೇನು? ಕುಂತ್ರ ಹಿಡಿಯಂಗಿಲ್ಲ ನೋಡು.”

“ಹಿಡಿಯಂಗಿಲ್ಲ ಅಂತ ನಂಗ ಗೊತ್ತೈತಿ” ಅಂದೆ. ಅವರಿಗೆ ಅರ್ಥವಾಗಲಿಲ್ಲ. ನನಗೂ ಏನೂ ಅರ್ಥವಾಗಿರಲಿಲ್ಲ. ಪ್ಯಾಂಟನ್ನು ಬಿಚ್ಚಿ ಅಳತೆ ತೆಗೆದು ನಕಲು ಮಾಡುವವರು ಇದ್ದಾರೆ, ನಮ್ಮ ಧಂದೆಯಲ್ಲಿ ಅದು ಹೊಸದಲ್ಲ. ಆದರೆ ಹಾಗೆ ಮಾಡುವವರು ಒಂದು ಕಾಲಿನ ಅಳತೆಯನ್ನೇ ಎರಡಕ್ಕೂ ಇಡುವುದರಿಂದ ಎಡಗಾಲು ಬಲಗಾಲು ಒಂದೇ ಅಳತೆಗೆ ಬಂದುಬಿಡುತ್ತವೆ, ಯಾರೂ ಬೇಕೆಂದು ಒಂದೆಳೆ ಉದ್ದ ಇಡುವುದಿಲ್ಲ. ಇದು ಪ್ಯಾಂಟಿನಿಂದ ಬಂದ ನಕಲಲ್ಲ. ಕಂಪ್ಯೂಟರಿನಲ್ಲಿದ್ದ ನನ್ನ ಫೈಲಿನಿಂದಲೇ ಬಂದದ್ದು.

ಮಾರನೆಯ ದಿನ ಆ ಪ್ಯಾಂಟನ್ನು ಚೀಲದಲ್ಲಿ ಹಾಕಿಕೊಂಡು ಕಾರ್ಖಾನೆಗೆ ಹೋದೆ. ನಮ್ಮ ಮಾಲೀಕರು ಒಳ್ಳೆಯವರು. ನನ್ನನ್ನು ಕೆಲಸಕ್ಕೆ ತಗೊಂಡು, ಹೆಂಗಸು ಪ್ಯಾಟರ್ನ್ ತೆಗೆದರೆ ಏನು ತಪ್ಪು ಅಂತ ಎಲ್ಲರ ಬಾಯಿ ಮುಚ್ಚಿಸಿದವರು. ಪ್ಯಾಂಟನ್ನು ಮೇಜಿನ ಮೇಲೆ ಹರಡಿ ಬಹಳ ಹೊತ್ತು ನೋಡಿದರು. ನಾನು ಅಂಚನ್ನು ತೋರಿಸಿ ವಿವರಿಸಿದೆ.

“ಈ ಫೈಲು ಯಾರ ಹತ್ರ ಐತಿ?” ಅಂದರು.

“ನಮ್ಮ ಕಂಪ್ಯೂಟರ್‌ನಾಗ ಬಿಟ್ರ ಎಲ್ಲೂ ಇಲ್ರಿ.”

“ಆ ಕಂಪ್ಯೂಟರ್ ಮುಂದ ಯಾರು ಕುಂದರ್ತಾರ?”

“ನಾನೇ ಕುಂದರ್ತೀನಿ.”

“ನಿಮ್ಮ ಅಕ್ಕನ ಊರು ಯಾವುದಂದ್ರಿ?”

ಆ ಪ್ರಶ್ನೆ ಯಾಕೆ ಬಂತು ಅಂತ ತಿಳಿಯಲು ನನಗೆ ಸ್ವಲ್ಪ ಹೊತ್ತು ಬೇಕಾಯಿತು. ಫೈಲನ್ನು ಅಕ್ಕನ ಊರಿಗೆ ದಾಟಿಸಿದವಳು ನಾನೇ ಅಂತ ಅವರ ಅನುಮಾನ. ಕದ್ದವಳೇ ಕದ್ದ ಮಾಲನ್ನು ತಂದು ಮಾಲೀಕರ ಮುಂದೆ ಇಡುತ್ತಾಳೆಯೇ ಅಂತ ಕೇಳಬಹುದಿತ್ತು. “ಸಿರುಗುಪ್ಪ” ಅಂತಷ್ಟೇ ಹೇಳಿ ಹೊರಗೆ ಬಂದೆ. ಅವತ್ತೆಲ್ಲ ಹೊಲಿಗೆ ಯಂತ್ರಗಳ ಸದ್ದಿನ ನಡುವೆ ನನ್ನ ಬಗ್ಗೆಯೇ ಮಾತಾಡುತ್ತಿದ್ದಾರೆ ಅನ್ನಿಸುತ್ತಿತ್ತು.

ಆ ಕಂಪ್ಯೂಟರಿನ ಬಗ್ಗೆ ಇಲ್ಲಿ ಹೇಳಬೇಕು. ಮೊದಲು ನಾನು ಎಲ್ಲವನ್ನೂ ರಟ್ಟಿನ ಮೇಲೆಯೇ ಬರೆಯುತ್ತಿದ್ದೆ. ಆಮೇಲೆ ಮಾಲೀಕರು ಕಂಪ್ಯೂಟರು, ಅಗಲವಾದ ಕಾಗದದ ಮೇಲೆ ಗೆರೆ ಎಳೆಯುವ ಪ್ಲಾಟರು ಎರಡನ್ನೂ ತಂದರು. ಪ್ಯಾಟರ್ನ್ ಬರೆಯುವ ಸಾಫ್ಟ್‌ವೇರನ್ನು ಹಾಕಿಕೊಟ್ಟವರು ಕಂಪ್ಯೂಟರ್ ಮಾರುವ ಒಬ್ಬರು. ಹಾಕುವಾಗ ನಾನು ಪಕ್ಕದಲ್ಲೇ ಕೂತಿದ್ದೆ. ಮೊದಲು ಆಂಟಿವೈರಸ್ ಬಂದ್ ಮಾಡಿದರು. ಆಮೇಲೆ ಒಂದು ಸಣ್ಣ ಕಿಟಕಿಯಂಥದ್ದು ತೆರೆದು, ಅದರಲ್ಲಿ ಏನೋ ಒತ್ತಿ, ಒಂದು ಉದ್ದನೆಯ ನಂಬರು ಹಾಕಿದರು.

“ಫುಲ್ ವರ್ಷನ್ ಅಮ್ಮಾ. ಆಂಟಿವೈರಸ್ ಮಾತ್ರ ಚಾಲೂ ಮಾಡಬ್ಯಾಡ್ರಿ. ಅದು ಇದನ್ನ ಕಳ್ಳ ಅಂತ ತಿಳಕಂತೈತಿ” ಅಂದರು.

ನನಗೆ ಆಗ ನಗು ಬಂದಿತ್ತು. ಕಂಪ್ಯೂಟರಿಗೂ ಗೊಂದಲವಾಗುತ್ತದಲ್ಲ ಅಂತ. ಬಿಲ್ಲು ಕೇಳಿದಾಗ ಅವರು ಕಂಪ್ಯೂಟರಿನ ಬಿಲ್ಲು ಕೊಟ್ಟರು. ಸಾಫ್ಟ್‌ವೇರಿನದು ಎಲ್ಲಿ ಅಂದಾಗ ಮಾಲೀಕರೇ “ಎಲ್ಲಾ ಯುನಿಟ್‌ನಾಗೂ ಇದೇ ಐತಿ ಮಾಸ್ಟ್ರಮ್ಮ, ಅದಕ್ಯಾರು ಬಿಲ್ಲು ಕೊಡ್ತಾರ” ಅಂದರು. ಕೊಡಬೇಕಾದದ್ದೋ ಬೇಡದ್ದೋ ನನಗೆ ತಿಳಿಯಲಿಲ್ಲ. ಪ್ಲಾಟರು ಗೆರೆ ಎಳೆಯುತ್ತಿತ್ತು. ನೇರವಾಗಿ, ಚೊಕ್ಕವಾಗಿ. ನನ್ನ ಕೈಗಿಂತ ಚೊಕ್ಕ.

ಮಾಲೀಕರು ಬೇರೊಬ್ಬರನ್ನು ಕರೆಸಿ ಕಂಪ್ಯೂಟರನ್ನು ತೋರಿಸಿದರು. ಬಂದವರು ಬಳ್ಳಾರಿಯಲ್ಲೇ ಕಂಪ್ಯೂಟರ್ ರಿಪೇರಿಯ ಅಂಗಡಿ ಇಟ್ಟುಕೊಂಡ ಒಬ್ಬ ಹೆಂಗಸು. ಮಧ್ಯಾಹ್ನವಿಡೀ ಕೂತು ಏನೇನೋ ತೆರೆದು ನೋಡಿದರು. ಸುಮ್ಮನಿದ್ದಾಗಲೂ ಕಂಪ್ಯೂಟರಿನ ಫ್ಯಾನು ಯಾಕೆ ಜೋರಾಗಿ ತಿರುಗುತ್ತದೆ ಅಂತ ಕೇಳಿದರು. ಹಳೆಯದಾಗಿದೆ ಅಂತ ನಾವು ಅಂದುಕೊಂಡಿದ್ದೆವು.

“ಹಳೇದಾಗಿಲ್ರಿ. ಒಳಗ ಬೇರೆ ಯಾರೋ ಕೆಲಸ ಮಾಡಾಕತ್ತಾರ” ಅಂದರು.

ನಾನು ತಿರುಗಿ ನೋಡಿದೆ, ಹಿಂದೆ ಯಾರಾದರೂ ನಿಂತಿದ್ದಾರೋ ಅನ್ನುವಂತೆ.

ಅವರು ಸಮಾಧಾನವಾಗಿ ಬಿಡಿಸಿ ಹೇಳಿದರು. ಸಾಫ್ಟ್‌ವೇರಿನ ಬೀಗ ಒಡೆಯುವುದಕ್ಕೆ ಅಂತ ಹಾಕಿದ ಸಣ್ಣ ಪ್ರೋಗ್ರಾಮು ಬೀಗ ಒಡೆದದ್ದಷ್ಟೇ ಅಲ್ಲ, ತಾನೂ ಅಲ್ಲೇ ಉಳಿದುಕೊಂಡಿದೆ. ನಮ್ಮ ಕಂಪ್ಯೂಟರಿನಲ್ಲಿ ಒತ್ತಿದ ಪಾಸ್‌ವರ್ಡುಗಳು, ಇಟ್ಟ ಫೈಲುಗಳು ಇಂಟರ್ನೆಟ್ ಮೂಲಕ ಹೊರಗೆ ಹೋಗಿರಬಹುದು. ನಮ್ಮ ಆದೋನಿಯ ವ್ಯಾಪಾರಿಯೊಬ್ಬರು ಹಿಂದಿನ ತಿಂಗಳು ಫೋನು ಮಾಡಿ, ನಿಮ್ಮ ಈಮೇಲಿನಿಂದ ಏನೋ ಬಂತು, ತೆರೆದದ್ದೇ ನಮ್ಮ ಕಂಪ್ಯೂಟರು ಕೆಟ್ಟಿತು ಅಂತ ಬೈದಿದ್ದರು. ನಾವು ಕಳಿಸಿಯೇ ಇಲ್ಲ ಅಂತ ಮಾಲೀಕರು ಜಗಳವಾಡಿದ್ದರು. ಅದೂ ಇಲ್ಲಿಂದಲೇ ಹೋಗಿತ್ತು.

“ಹಂಗಾರ ನಮ್ಮ ಪ್ಯಾಟರ್ನ್ ಹೋಗಿದ್ದೂ ಇದರಿಂದನಾ?” ಅಂತ ಮಾಲೀಕರು ಕೇಳಿದರು.

“ಹೋಗಿರಬಹುದು. ಇಲ್ಲಾಂದ್ರ ಇದನ್ನ ಹಾಕಿದವ್ರೇ ಪೆನ್‌ಡ್ರೈವ್‌ನಾಗ ತಗಂಡು ಹೋಗಿರಬಹುದು. ಇಲ್ಲಾ, ಇಲ್ಲಿ ಕೆಲಸ ಮಾಡೋ ಯಾರೋ ಕೊಟ್ಟಿರಬಹುದು. ಹಿಂಗ ಅಂತ ನಾನು ಹೇಳಾಕ ಬರಂಗಿಲ್ಲ.”

ಆ ಮೂರನೆಯ ಮಾತನ್ನು ಅವರು ಆಡದಿದ್ದರೆ ಚೆನ್ನಾಗಿತ್ತು. ಮಾಲೀಕರು ನನ್ನ ಕಡೆ ನೋಡಲಿಲ್ಲ. ನೋಡದೆ ಇದ್ದದ್ದು ನನಗೆ ಕಂಡಿತು.

ಅವತ್ತು ಮನೆಗೆ ಹೋಗಿ ಗಂಡನಿಗೆ ಎಲ್ಲ ಹೇಳಿದೆ. ಅವರು ಆಟೋ ಓಡಿಸುತ್ತಾರೆ, ಯಾವುದನ್ನೂ ತಲೆಗೆ ಹಚ್ಚಿಕೊಳ್ಳುವವರಲ್ಲ. “ಕೆಲಸ ಬಿಟ್ಟುಬಿಡು” ಅಂದರು. ಬಿಟ್ಟರೆ ನಾನೇ ಕದ್ದೆ ಅಂತಾಗುತ್ತದೆ. ಬಿಡದಿದ್ದರೆ ದಿನಾ ಆ ನೋಡದ ಕಣ್ಣಿನ ಮುಂದೆ ಕೂರಬೇಕು. ಇನ್ನೊಂದು ಚಿಂತೆಯೂ ಸೇರಿಕೊಂಡಿತು. ನನ್ನ ಮಗಳ ಕಾಲೇಜಿನ ಅರ್ಜಿ ತುಂಬಿದ್ದು ಆ ಕಂಪ್ಯೂಟರಿನಲ್ಲೇ. ಅವಳ ಫೋಟೋ, ಆಧಾರ್, ನಮ್ಮ ಫೋನ್ ನಂಬರು ಎಲ್ಲ ಅಲ್ಲೇ ಹಾಕಿದ್ದೆ. ಅವು ಈಗ ಎಲ್ಲಿವೆ? ಕದ್ದ ವಸ್ತು ಇದ್ದಲ್ಲೇ ಇದ್ದರೂ ಕಳವಾಗಿದೆ ಅನ್ನುವುದನ್ನು ಹೇಗೆ ಅರ್ಥ ಮಾಡಿಕೊಳ್ಳುವುದು? ಪಾತ್ರೆ ಕಳೆದರೆ ಗೂಡು ಖಾಲಿ ಕಾಣುತ್ತದೆ. ಇಲ್ಲಿ ಏನೂ ಖಾಲಿಯಾಗಿರಲಿಲ್ಲ. ಮಗಳು ಕೂತು ಎಲ್ಲ ಪಾಸ್‌ವರ್ಡುಗಳನ್ನೂ ಬದಲಾಯಿಸಿದಳು. “ಅವ್ವಾ, ಈಗ ಏನೂ ಆಗಂಗಿಲ್ಲ ಬಿಡು” ಅಂದಳು. ಅವಳ ದನಿಯಲ್ಲಿ ಅಷ್ಟು ಧೈರ್ಯ ಇರಲಿಲ್ಲ.

ಮಾಲೀಕರು ಮಾತ್ರ ಬಿಡುವ ಹಾಗಿರಲಿಲ್ಲ. ನಕಲು ಮಾಡಿದವನು ಯಾರೇ ಆಗಲಿ, ಕೋರ್ಟಿಗೆ ಹೋಗುತ್ತೇನೆ ಅಂದರು. ಅಳತೆ ವಿವರಿಸಲು ನಾನು ಬೇಕಲ್ಲ ಅಂತ ನನ್ನನ್ನೂ ವಕೀಲರ ಹತ್ತಿರ ಕರೆದುಕೊಂಡು ಹೋದರು. ವಕೀಲರು ವಯಸ್ಸಾದ ಹೆಂಗಸು, ಕನ್ನಡಕದ ಮೇಲಿನಿಂದ ನೋಡುವವರು. ನಾನು ನಮ್ಮದನ್ನೂ ಆ ನಕಲನ್ನೂ ಪಕ್ಕಪಕ್ಕ ಹರಡಿ ತೋರಿಸಿದೆ. ಅವರಿಗೆ ತಕ್ಷಣ ಅರ್ಥವಾಯಿತು.

“ಚಲೋ ಗುರುತು ಇದು. ತಪ್ಪು ಸಹ ನಕಲಾಗೇತಿ. ಇದನ್ನ ನೀವೇ ಮೊದಲು ಮಾಡಿದ್ರಿ ಅಂತ ಹೆಂಗ ತೋರಸ್ತೀರಿ?”

“ನಮ್ಮ ಕಂಪ್ಯೂಟರ್‌ನಾಗ ಫೈಲ್ ಐತ್ರಿ. ಯಾವಾಗ ಮಾಡಿದ್ದು ಅಂತ ತಾರೀಖು ಸಮೇತ ಐತಿ” ಅಂದರು ಮಾಲೀಕರು.

“ಯಾವ ಸಾಫ್ಟ್‌ವೇರ್? ಲೈಸೆನ್ಸ್ ಐತೇನು?”

ಮಾಲೀಕರು ಮೇಜಿನ ಮೇಲಿದ್ದ ಪ್ಯಾಂಟನ್ನು ಮಡಚತೊಡಗಿದರು. ವಕೀಲರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು.

“ನೋಡ್ರಿ, ನೀವು ಆ ಫೈಲನ್ನ ಕೋರ್ಟಿಗೆ ತಂದ್ರ, ಎದುರಿನ ವಕೀಲ ಮೊದಲು ಕೇಳೋದು ಇದನ್ನೇ. ಲೈಸೆನ್ಸ್ ಇಲ್ಲದ ಸಾಫ್ಟ್‌ವೇರ್ ಅಂತ ಗೊತ್ತಿದ್ದೂ ಬಳಸಿದವರಿಗೆ ಜೈಲು, ದಂಡ ಎರಡೂ ಅದಾವ ಕಾಯ್ದೆದಾಗ. ಇನ್ನೊಂದು, ನೀವು ಈ ಡಿಸೈನನ್ನ ರಿಜಿಸ್ಟರ್ ಮಾಡಿಸಿಲ್ಲ. ಮಾಡಿಸದೆ ಗಾಡಿಗಟ್ಟಲೆ ಮಾರೀರಿ. ಹಂಗ ಮಾರಿದ ಮ್ಯಾಲೆ ನಂದು ಅಂತ ಹೇಳೋದು ಕಷ್ಟ.”

“ಅಂದ್ರ, ಅವ್ನು ನಮ್ಮದನ್ನ ಕದ್ದಿದ್ದು ತಪ್ಪಲ್ಲ, ನಾವು ಸಾಫ್ಟ್‌ವೇರ್ ಹಾಕಿಕೊಂಡಿದ್ದು ತಪ್ಪು ಅಂತೀರೇನು?” ಮಾಲೀಕರ ದನಿ ಏರಿತು.

“ಎರಡೂ ತಪ್ಪು ಅಂತೀನಿ. ಆದ್ರ ನಿಮ್ಮದನ್ನ ತೋರ್ಸೋದು ಸುಲಭ” ಅಂದರು ವಕೀಲರು.

ನಾನು ನಡುವೆ ಬಾಯಿ ಹಾಕಿದೆ. “ಬಳಸಿದವ್ರು ಅಂದ್ರ ಯಾರ್ರೀ? ಅದನ್ನ ತಂದವ್ರೋ, ಹಾಕಿದವ್ರೋ, ದಿನಾ ಕುಂತು ಒತ್ತೋರೋ?”

ವಕೀಲರು ನನ್ನನ್ನು ಕನಿಕರದಿಂದ ನೋಡಿದರು. “ಸಾಮಾನ್ಯವಾಗಿ ಮಾಲೀಕರನ್ನ ಹಿಡೀತಾರಮ್ಮ. ಆದ್ರ ಕೇಳಾಕಂತೂ ಎಲ್ಲಾರನ್ನೂ ಕೇಳ್ತಾರ.”

ಆ ಉತ್ತರದಿಂದ ಹೆದರಬೇಕೋ ಬೇಡವೋ ತಿಳಿಯಲಿಲ್ಲ. ಹೊರಗೆ ಬಂದಾಗ ಮಾಲೀಕರು ಕಬ್ಬಿನ ಹಾಲು ಕುಡಿಸಿದರು. “ನೀವು ಕೊಟ್ಟಿಲ್ಲ ಅಂತ ನಂಗ ಗೊತ್ತೈತಿ ಮಾಸ್ಟ್ರಮ್ಮ” ಅಂದರು ಒಮ್ಮೆಲೇ. ಎಷ್ಟು ದಿನದಿಂದ ಕಾಯುತ್ತಿದ್ದ ಮಾತು. ಆದರೆ ನನ್ನನ್ನು ನಂಬಿ ಹೇಳಿದರೋ, ಈಗ ಇಬ್ಬರೂ ಒಂದೇ ದೋಣಿಯಲ್ಲಿದ್ದೇವೆ ಅಂತ ಹೇಳಿದರೋ?

ಸಿರುಗುಪ್ಪದ ಗಾಡಿಯವನನ್ನು ವಿಚಾರಿಸಿದಾಗ ಮಾಲು ಕುರುಗೋಡಿನಿಂದ ಬರುತ್ತದೆ ಅಂತ ಗೊತ್ತಾಯಿತು. ಹೋಗಿ ಜಗಳ ಮಾಡಬೇಡಿ ಅಂತ ವಕೀಲರು ಹೇಳಿದ್ದರೂ ಮಾಲೀಕರು ಕೇಳದೆ ಹೊರಟರು. ನಾನೂ ಹೋದೆ. ಕುರುಗೋಡಿನಲ್ಲಿ ಬಸವೇಶ್ವರ ಗುಡಿಯ ಕಡೆಯಿಂದ ಒಂದು ಓಣಿಯೊಳಗೆ ಇಳಿದರೆ ತಗಡಿನ ಮಾಡಿನ ಒಂದು ಮನೆ, ಮುಂಭಾಗದಲ್ಲಿ ನಾಲ್ಕಾರು ಹೊಲಿಗೆ ಯಂತ್ರಗಳು. ದಾರಿಯುದ್ದಕ್ಕೂ ನಾನು ಒಬ್ಬ ಕಳ್ಳನನ್ನು ಕಲ್ಪಿಸಿಕೊಂಡು ಬಂದಿದ್ದೆ. ಬಾಗಿಲಿಗೆ ಬಂದವರು ಒಬ್ಬ ಬಡಕಲು ಗಂಡಸು, ಕೊರಳಲ್ಲಿ ಅಳತೆ ಟೇಪು. ಹಿಂದೆ ಅವರ ಹೆಂಡತಿ.

“ಬರ್ರಿ, ಒಳಗ ಬರ್ರಿ. ಆರ್ಡರಾ?” ಅಂದರು.

ಮಾಲೀಕರು ಪ್ಯಾಂಟನ್ನು ಚೀಲದಿಂದ ತೆಗೆದು, “ಇದನ್ನ ಎಲ್ಲಿಂದ ಕದ್ರಿ?” ಅಂದುಬಿಟ್ಟರು.

ಆ ಮನುಷ್ಯ ಕಕ್ಕಾಬಿಕ್ಕಿಯಾದರು. ಹೆಂಡತಿ ಮುಂದೆ ಬಂದು “ಯಾರದ್ನೂ ಕದ್ದಿಲ್ರಿ ನಾವು. ಕಂಪ್ಯೂಟರ್‌ನಾಗ ಐತಿ, ಬೇಕಾದ್ರ ನೋಡ್ರಿ” ಅಂದರು. ಒಳಗಿನಿಂದ ಒಂದು ಹಳೆಯ ಲ್ಯಾಪ್‌ಟಾಪ್ ತಂದು ಹಾಸಿಗೆಯ ಮೇಲಿಟ್ಟು ತೆರೆದರು. ನಮ್ಮಲ್ಲಿದ್ದ ಅದೇ ಸಾಫ್ಟ್‌ವೇರು. ಆ ಸಣ್ಣ ಕಿಟಕಿಯನ್ನೂ ಗುರುತಿಸಿದೆ. ಅದರ ಜೊತೆಗೇ ಒಂದು ದೊಡ್ಡ ಫೋಲ್ಡರಿತ್ತು. ಅವರ ಸಂಬಂಧಿಯೊಬ್ಬರು ಫೋನಿನಲ್ಲಿ ಬಂದ ಲಿಂಕಿನಿಂದ ಇಳಿಸಿಕೊಟ್ಟದ್ದಂತೆ. ಸಾಫ್ಟ್‌ವೇರೂ ಪುಕ್ಕಟೆ, ಜೊತೆಗೆ ನೂರಾರು ಪ್ಯಾಟರ್ನುಗಳೂ ಪುಕ್ಕಟೆ. ಯಾರು ಬೇಕಾದರೂ ಇಳಿಸಿಕೊಳ್ಳಬಹುದು.

ಅವರು ಸ್ಕ್ರೀನಿನ ಮೇಲೆ ಬೆರಳಿಟ್ಟು ತೋರಿಸಿದರು. ನೂರಾರು ಹೆಸರುಗಳ ನಡುವೆ ನಾನು ಇಂಗ್ಲಿಷ್ ಅಕ್ಷರಗಳಲ್ಲಿ ಬರೆದಿಟ್ಟ ಹೆಸರು, ಕುಕ್ಕರ್.

“ಇದು ಬಾಳ ಚಲೋ ಪ್ಯಾಟರ್ನ್‌ರೀ. ಯಾಕ ಕುಕ್ಕರ್ ಅಂತ ಹೆಸರಿಟ್ಟಾರೋ ಗೊತ್ತಿಲ್ಲ. ನಾವೂ ಕುಕ್ಕರ್ ಪ್ಯಾಂಟ್ ಅಂತಾನೇ ಕರೀತೀವಿ. ಯಾವ ಫಾರಿನ್‌ದವ್ರು ಮಾಡಿದ್ದೋ, ಕುಂದರಾಕ ನಮ್ಮ ಮಂದಿಗೆ ಬರೋಬ್ಬರಿ ಆಗೇತಿ.”

ಮಾಲೀಕರು ನನ್ನನ್ನು ನೋಡಿದರು. ನನಗೆ ನಗು ಬಂತು. ಜಗಳಕ್ಕೆ ಬಂದವಳು ನಾನು, ಹಾಸಿಗೆಯ ಅಂಚಿನ ಮೇಲೆ ಕೂತು ನಗುತ್ತಿದ್ದೆ. ಒಳಗೆ ಏನೋ ಉಬ್ಬುತ್ತಿತ್ತು. ಗುರುತೇ ಇಲ್ಲದ ಒಬ್ಬರು, ನನ್ನನ್ನು ಮೆಚ್ಚಿಸಬೇಕಾದ ಯಾವ ಅಗತ್ಯವೂ ಇಲ್ಲದವರು, ನನ್ನ ಕೆಲಸವನ್ನು ಬಾಳ ಚಲೋ ಅಂದಿದ್ದರು. ಕದ್ದವರ ಬಾಯಿಂದ ಬಂದ ಹೊಗಳಿಕೆಗೆ ಹಿಗ್ಗಬಹುದೇ? ಆದರೆ ಇವರು ಕದ್ದವರೂ ಅಲ್ಲವಲ್ಲ.

“ಅದನ್ನ ಮಾಡಿದ್ದು ಇವ್ರು” ಅಂದರು ಮಾಲೀಕರು ಗಡುಸಾಗಿ. “ಫಾರಿನ್‌ದವ್ರಲ್ಲ. ರಾರಾವಿಯವ್ರು.”

ಆ ಮನುಷ್ಯನ ಮುಖ ಕಪ್ಪಿಟ್ಟಿತು. ಕೊರಳ ಟೇಪನ್ನು ತೆಗೆದು ಕೈಯಲ್ಲಿ ಸುತ್ತತೊಡಗಿದರು. “ನಮಗ ಗೊತ್ತಿರಲಿಲ್ಲಮ್ಮಾ. ಪುಕ್ಕಟೆ ಇಟ್ಟಾರ ಅಂದ್ರ, ಮಾಡಿದವ್ರೇ ಇಟ್ಟಿರಬೇಕು ಅಂದಕಂಡ್ವಿ” ಅಂದರು. ಹೆಂಡತಿ ಚಹಾ ಮಾಡಲು ಒಳಗೆ ಹೋದರು. ಬೇಡ ಅನ್ನಲು ನಮ್ಮಿಬ್ಬರಿಗೂ ಆಗಲಿಲ್ಲ.

ಚಹಾ ಬರುವವರೆಗೆ ಸುಮ್ಮನೆ ಆ ಫೋಲ್ಡರನ್ನು ನೋಡುತ್ತ ಕೂತೆ. ನನಗೆ ಓದಲು ಬಾರದ ಲಿಪಿಗಳಲ್ಲಿ ಹೆಸರುಗಳಿದ್ದವು. ಒಂದೊಂದನ್ನೇ ತೆರೆದೆ. ಯಾರೋ ಬಹಳ ಚೆನ್ನಾಗಿ ತೆಗೆದ ಕೋಟು, ಯಾರೋ ಬಸುರಿಯರಿಗೆ ಅಂತ ಮಾಡಿದ ಪ್ಯಾಂಟು. ಆಮೇಲೆ ಮಕ್ಕಳ ದುಂಗಾರಿ, ಭುಜದಿಂದ ಪಟ್ಟಿ ಇಳಿಯುವ ಪ್ಯಾಂಟು, ಅದರ ಎದೆಯ ಪಟ್ಟಿಯ ಕೆಳಗೆ ಕಮಾನಿನಂಥ ಹೊಲಿಗೆ. ಅದನ್ನು ಕಂಡು ನನ್ನ ನಗು ನಿಂತಿತು. ಅದು ನಮ್ಮ ಕಂಪ್ಯೂಟರಿನಲ್ಲೂ ಇತ್ತು. ಸಾಫ್ಟ್‌ವೇರಿನ ಜೊತೆಗೇ ಬಂದ ಮಾದರಿ ಅಂದುಕೊಂಡು, ಅಳತೆ ಮಾತ್ರ ಬದಲಾಯಿಸಿ, ಹಿಂದಿನ ಹಬ್ಬಕ್ಕೆ ನಾವು ಅದನ್ನು ಹೊಲಿದು ಮಾರಿದ್ದೆವು. ಬಣ್ಣ ಚೆಂದ ಅಂತ ನನ್ನ ತಮ್ಮನ ಮಗಳಿಗೂ ಒಂದು ಕೊಟ್ಟಿದ್ದೆ. ಆ ಕಮಾನಿನ ಗೆರೆ ಎಳೆದವರು ಯಾರು? ಅವರಿಗೂ ಎಲ್ಲೋ ಒಂದು ಹಿತ್ತಲಿನ ತಂತಿಯ ಮೇಲೆ ಅದು ಕಂಡಿತ್ತೋ ಏನೋ. ಮಾಲೀಕರಿಗೆ ತೋರಿಸಿದೆ. ಅವರು ನೋಡಿ, ಮತ್ತೆ ನೋಡಿ, “ಮುಚ್ಚಿ ಬಿಡ್ರಿ” ಅಂದರು.

ಚಹಾ ಕುಡಿದು ಎದ್ದೆವು. ಆ ಮನುಷ್ಯ ಬಾಗಿಲವರೆಗೂ ಬಂದು “ಇನ್ನ ಹೊಲಿಯೋದು ಬ್ಯಾಡೇನ್ರಿ?” ಅಂತ ಕೇಳಿದರು. ನನ್ನನ್ನೇ ಕೇಳಿದ್ದು. ಹೌದು ಅನ್ನಲೋ ಇಲ್ಲ ಅನ್ನಲೋ ತಿಳಿಯದೆ ಮಾಲೀಕರ ಮುಖ ನೋಡಿದೆ. ಅವರು ಆಗಲೇ ಕಾರಿನ ಬಾಗಿಲು ತೆಗೆಯುತ್ತಿದ್ದರು. “ಕತ್ತರಿಸಿದ್ದು ಎಷ್ಟೈತೋ ಅಷ್ಟು ಮುಗಿಸ್ರಿ” ಅಂದೆ. ಆ ಅಧಿಕಾರ ನನಗೆ ಇತ್ತೋ ಇಲ್ಲವೋ. ಅಷ್ಟಕ್ಕೆ ನಿಲ್ಲಿಸುತ್ತಾರೆ ಅನ್ನುವ ನಂಬಿಕೆಯೂ ನನಗಿರಲಿಲ್ಲ. ಅವರು ನಿಲ್ಲಿಸಿದರೂ ಆ ಫೋಲ್ಡರು ಇನ್ನೆಷ್ಟು ಊರುಗಳಲ್ಲಿದೆಯೋ.

ಬಳ್ಳಾರಿಗೆ ಬಂದ ಮೇಲೆ ಮಾಲೀಕರು ಸಾಫ್ಟ್‌ವೇರ್ ಹಾಕಿಕೊಟ್ಟವರಿಗೆ ಫೋನು ಮಾಡಿ ಬೈದರು. “ಕಡಿಮಿದು ಬೇಕು ಅಂದವ್ರು ನೀವೇ ಅಲ್ರೀ” ಅಂತ ಆ ಕಡೆಯಿಂದ ಬಂದ ಉತ್ತರ ಪಕ್ಕದಲ್ಲಿದ್ದ ನನಗೂ ಕೇಳಿಸಿತು. ಮಾಲೀಕರು ಫೋನು ಇಟ್ಟು, ರಿಪೇರಿಯ ಹೆಂಗಸನ್ನು ಮತ್ತೆ ಕರೆಸಿ ಕಂಪ್ಯೂಟರನ್ನು ಪೂರ್ತಿ ಅಳಿಸಿಸಿದರು. ತಿಂಗಳ ಬಾಡಿಗೆಯ ಹಾಗೆ ಕಟ್ಟುವ ಅಸಲಿ ಸಾಫ್ಟ್‌ವೇರನ್ನು ತೆಗೆದುಕೊಂಡರು. ಹಳೆಯ ಫೈಲುಗಳನ್ನು ಬೇರೆ ಕಡೆ ಇಟ್ಟುಕೊಂಡಿದ್ದೆವು, ಆದರೆ ಹೊಸದರಲ್ಲಿ ಅವು ತೆರೆಯಲಿಲ್ಲ. ಬೀಗ ಒಡೆದ ಸಾಫ್ಟ್‌ವೇರು ಬರೆದ ಫೈಲುಗಳು ಹೀಗೆಯೇ, ಕೆಲವು ಬರುತ್ತವೆ ಕೆಲವು ಬರುವುದಿಲ್ಲ ಅಂದರು ಆ ಹೆಂಗಸು. ಕಂಪ್ಯೂಟರು ಬಂದಾಗಿನಿಂದ ಮಾಡಿದ ಕೆಲಸವೆಲ್ಲ ಹೋಯಿತು. ಮೊಳೆಗೆ ನೇತುಹಾಕಿದ್ದ ಹಳೆಯ ರಟ್ಟುಗಳನ್ನು ಕೆಳಗಿಳಿಸಿ, ಧೂಳು ಒರೆಸಿ, ಒಂದೊಂದನ್ನೇ ಮತ್ತೆ ಏರಿಸತೊಡಗಿದೆ. ದುಂಗಾರಿಯ ರಟ್ಟು ಇರಲಿಲ್ಲ. ಅದನ್ನು ಮತ್ತೆ ಮಾಡಲಿಲ್ಲ. ಮಾಲೀಕರೂ ಕೇಳಲಿಲ್ಲ.

ಈ ನಡುವೆ ಹೊಸದೊಂದು ತಲೆಗೆ ಬಂತು. ಮೆಣಸಿನಕಾಯಿ ಬಿಡಿಸುವ ಹೆಂಗಸರು ಸೀರೆಯ ಮೇಲೆ ಗಂಡಸರ ಹಳೆಯ ತುಂಬುತೋಳಿನ ಅಂಗಿ ತೊಟ್ಟು ಹೊಲಕ್ಕೆ ಹೋಗುತ್ತಾರೆ. ಭುಜ ಜಾರುತ್ತದೆ, ತೋಳು ಉದ್ದವಾಗುತ್ತದೆ, ಸೀರೆಯ ಗಂಟಿನ ಹತ್ತಿರ ಗುಂಡಿ ಕೂಡುವುದಿಲ್ಲ. ಅವರಿಗೆ ಅಂತಲೇ ತೆಳು ಡೆನಿಮ್ಮಿನ ಒಂದು ಅಂಗಿ ಬರೆದೆ. ಮಾಲೀಕರಿಗೆ ಬಹಳ ಇಷ್ಟವಾಯಿತು. ಈ ಸಲ ಮಾರುವುದಕ್ಕೆ ಮುಂಚೆಯೇ ರಿಜಿಸ್ಟರ್ ಮಾಡಿಸೋಣ ಅಂತ ಮತ್ತೆ ಅದೇ ವಕೀಲರ ಹತ್ತಿರ ಹೋದೆವು.

“ಹಕ್ಕುದಾರರು ಅಂತ ಮಾಲೀಕರ ಹೆಸರು ಹಾಕ್ತೀನಿ” ಅಂದರು ವಕೀಲರು, ಬರೆಯುತ್ತ.

“ಮಾಡಿದವಳು ನಾನದೀನಲ್ರೀ?” ಅಂದೆ. ಜಗಳಕ್ಕಲ್ಲ. ನಿಜವಾಗಿಯೂ ತಿಳಿದುಕೊಳ್ಳಲು ಕೇಳಿದೆ.

“ಸಂಬಳಕ್ಕ ಇದ್ದು ಮಾಡಿದ್ದು ಮಾಲೀಕರದ್ದಾಗತೈತಮ್ಮ. ಕಾಯ್ದೆ ಹಂಗೈತಿ. ನಿಮ್ಮಿಬ್ಬರ ನಡುವ ಬ್ಯಾರೆ ಮಾತಾಗಿದ್ರ ಬ್ಯಾರೆ.”

ಬೇರೆ ಮಾತು ಯಾವತ್ತೂ ಆಗಿರಲಿಲ್ಲ. ಹಾಗಾದರೆ ಸಿರುಗುಪ್ಪದ ಹಿತ್ತಲಲ್ಲಿ ನಾನು ನನ್ನದು ಅಂದುಕೊಂಡದ್ದು? ಅಷ್ಟು ದಿನ ಯಾರ ವಸ್ತು ಕಳೆದುಹೋಗಿದೆ ಅಂತ ನಾನು ಕಂಗಾಲಾಗಿದ್ದೆ? ಮಾಲೀಕರು ಕುರ್ಚಿಯಲ್ಲಿ ಅತ್ತಿತ್ತ ಸರಿದರು. “ಮಾಸ್ಟ್ರಮ್ಮನ ಹೆಸರೂ ಎಲ್ಲ್ಯಾರ ಬರೀರಿ, ಜಾಗ ಇದ್ರ” ಅಂದರು. ವಕೀಲರು ನೋಡೋಣ ಅಂದರು. ಆಮೇಲೆ ಜಾಗ ಇತ್ತೋ ಇಲ್ಲವೋ ನಾನು ಕೇಳಿಲ್ಲ. ಕೇಳಿದರೆ ಏನು ಉತ್ತರ ಬಂದರೆ ನನಗೆ ಸಮಾಧಾನವಾಗುತ್ತದೆ ಅನ್ನುವುದೇ ನನಗೆ ಸ್ಪಷ್ಟವಿಲ್ಲ.

ನಿನ್ನೆ ಆ ಅಂಗಿಯ ಮೊದಲ ಮಾದರಿಯನ್ನು ಕಾರ್ಖಾನೆಯಲ್ಲಿ ಗುಂಡಿ ಹಚ್ಚುವ ಹೆಂಗಸಿಗೆ ತೊಡಿಸಿದೆವು. ಅವಳ ತವರಿನವರೆಲ್ಲ ಈಗಲೂ ಹೊಲದ ಕೂಲಿಗೆ ಹೋಗುವವರು. ಸೀರೆಯ ಮೇಲೆ ಅದನ್ನು ತೊಟ್ಟು, ಗುಂಡಿ ಹಾಕಿಕೊಂಡು, ಗಿಡದಿಂದ ಕಾಯಿ ಬಿಡಿಸುವವಳ ಹಾಗೆ ಬಗ್ಗಿದಳು, ಕೈ ಚಾಚಿದಳು. ಎಲ್ಲರೂ ಯಂತ್ರ ನಿಲ್ಲಿಸಿ ನೋಡುತ್ತಿದ್ದರು.

“ಮೊಣಕೈ ಹತ್ರ ಹಿಡೀತೈತಿ ಮಾಸ್ಟ್ರಮ್ಮ” ಅಂದಳು.

ನಾನು ಸೀಮೆಸುಣ್ಣದ ಚೂರು ತೆಗೆದುಕೊಂಡು ಅವಳ ಮೊಣಕೈಯನ್ನು ಮಡಚಿಸಿ, ಬಟ್ಟೆ ಬಿಗಿಯುವ ಕಡೆ ಗುರುತು ಹಾಕಿದೆ.